ಅಳಿಸಿದ್ದು

ಬಿಡುಗಡೆಯಾದದ್ದು ಎರಡೇ ಕ್ಯಾಸೆಟ್ಟು.
ಆಗದೆ ಉಳಿದದ್ದು ಹದಿನಾಲ್ಕು ಹಾಡು.
ಇದು ನಮ್ಮ ಲೆಕ್ಕ,
ಪ್ರೆಸಿಲ್ಲಾ ಮಿನೇಜಸ್ ಅವರನ್ನು ಕೇಳಿ ಬರೆದದ್ದಲ್ಲ.

ನಾವು ಅಂದರೆ ನಾಲ್ಕು ಜನ.
ಧಕ್ಕೆಯಲ್ಲಿ ಮೀನಿನ ತೂಕ ಬರೆಯುವ ಸಫ್ವಾನ್,
ವಾಮಂಜೂರು ಬಸ್ಸಿನ ಕಂಡಕ್ಟರ್ ಯಶವಂತ ಕುಂದರ್,
ಸಿಲ್ವಿಯಾ ಟೀಚರ್,
ಮತ್ತೆ ನಾನು, ಕಂಕನಾಡಿ ಮಾರ್ಕೆಟಿನ ಹಿಂದೆ
ಫ್ಯಾನು ರಿಪೇರಿಯವ. ನಗಬೇಡಿ,
ಎಲ್ಲರೂ ನಕ್ಕಾಗಿದೆ.

ಆದಿತ್ಯವಾರ ಶಟರು ಅರ್ಧ ಎಳೆದು ಕೂರುತ್ತೇವೆ.
ಮೂರನೆಯ ಹಾಡಿಗೆ ಮಾತೇ ಇಲ್ಲ.
ಮಾತು ಬರುವ ತನಕ ಇರಲಿ ಅಂತ
ಬಸ್‌ಸ್ಟಾಪುಗಳ ಹೆಸರನ್ನೇ ಹಾಡಿದ್ದಾರೆ:
ನಂತೂರು, ಬಿಕರ್ನಕಟ್ಟೆ, ಕುಡುಪು, ಕುಲಶೇಖರ.
ವಿರಹ ಎಷ್ಟುಂಟು ಅಂದರೆ ಅದರಲ್ಲಿ
ಬಿಕರ್ನಕಟ್ಟೆ ಬಂದಾಗ ಸಫ್ವಾನ್ ಒಮ್ಮೆ ಕಣ್ಣೊರೆಸಿಕೊಂಡ.
ಕುಂದರ್ ಮಾತ್ರ ಪ್ರತೀ ಸಲ ತಡೆಯುತ್ತಾನೆ:
"ಕುಲಶೇಖರ ಮೊದಲು ಮಾರಾಯ್ರೆ, ಕುಡುಪು ಆಮೇಲೆ."

ಏಳನೆಯದು ಯಾರದೋ ಮನೆಯ ರೋಸಿನ ದಿನ ಹಿಡಿದದ್ದು.
ತೆಂಗಿನ ಹಾಲು ಹೊಯ್ಯುವ ಗದ್ದಲದೊಳಗೆ
ಅವರ ದನಿ ಒಂದು ಮರಿಮೀನು,
ಬಲೆಯ ಕಣ್ಣಿಗಿಂತ ಸಣ್ಣ.
ಹನ್ನೊಂದರಲ್ಲಿ ಕುಕ್ಕರ್ ಮೂರು ಸಲ ಕೂಗುತ್ತದೆ,
ನಾಲ್ಕನೆಯ ಕೂಗಿಗೆ ಹಾಡು ಎದ್ದು ಅಡುಗೆಮನೆಗೆ ಹೋಗುತ್ತದೆ.
ಈಗ ಯಾರ ಮನೆಯಲ್ಲಿ ಕುಕ್ಕರ್ ಕೂಗಿದರೂ
ಮೂರರ ಮೇಲೆ ನಾನು ಉಸಿರು ಹಿಡಿಯುತ್ತೇನೆ.

ಅವರು ಇದ್ದಾರೆ. ಬಿಜೈಯ ಒಂದು ಸೊಸೈಟಿಯಲ್ಲಿ,
ಎಫ್‌ಡಿ ಕೌಂಟರು. ಟೀಚರ್ ಒಂದು ದಿನ
ಹತ್ತು ಸಾವಿರ ಇಡಲಿಕ್ಕೆ ಅಂತ ಹೋದರು.
ಸ್ಪಂಜಿಗೆ ಬೆರಳೊತ್ತಿ ನೋಟು ಎಣಿಸಿ
"ನಾಮಿನಿ ಹೆಸರು ಬರೆದಿಲ್ಲ ನೀವು" ಅಂದರಂತೆ.
ಇಷ್ಟೆ. ಟೀಚರ್ ಅದನ್ನು ನಮಗೆ
ಅದೇ ಏರಿಳಿತದಲ್ಲಿ ಹೇಳಿ ತೋರಿಸಿದರು,
'ಬರೆದಿಲ್ಲ'ದ ಮೇಲೆ ಸ್ವಲ್ಪ ಜಾರಿ.
ಇನ್ನೊಮ್ಮೆ ಹೇಳಿ ಅಂದೆವು.
ಇನ್ನೊಮ್ಮೆ ಅಂದೆವು.

ಪಟ್ಟಿಯಲ್ಲಿ ಒಂಬತ್ತರ ಎದುರು ಖಾಲಿ.
ಉಂಟು ಅಂತ ಕೇಳಿದವರುಂಟು, ಹಾಡು ಕೇಳಿದವರಿಲ್ಲ.
ಕಳೆದುಹೋಯಿತು ಅಂತ ಮೂವರೂ ನಂಬಿದ್ದಾರೆ.

ನನ್ನ ಹತ್ತಿರ ಉಂಟು.

ರೆಕಾರ್ಡಿಂಗ್ ಮಾಡುತ್ತಿದ್ದ ಶಂಭು ಗಟ್ಟಿ ತೀರಿಹೋದ ಮೇಲೆ
ಕೋಟೆಕಾರಿನ ಮನೆಗೆ ಟೇಬಲ್ ಫ್ಯಾನು ನೋಡಲು ಹೋದವನಿಗೆ
ಅವರ ಹೆಂಡತಿ ಕೂಲಿಯ ಜೊತೆ ಬಿಸ್ಕತ್ತಿನ ಡಬ್ಬಿ ಕೊಟ್ಟರು,
"ಇದೆಲ್ಲ ನಿಮಗೆ ಬೇಕಾ? ಬೂಷ್ಟು ಬಂದಿದೆ."
ಮೇಲಿನ ಕ್ಯಾಸೆಟ್ಟಿಗೆ ನೀಲಿ ಶಾಯಿಯಲ್ಲಿ
ಒಂದೇ ಪದ: ಅಳಿಸಿದ್ದು.

ಖಾಲಿ ಟೇಪು ಅಂತಲೇ ಹಾಕಿದೆ.
ಹಾಡಿನ ವಿಷಯ ಇಲ್ಲಿ ಹೇಳುವುದಿಲ್ಲ.
ಒಂದು ಹೆಸರು ಬರುತ್ತದೆ ಅದರಲ್ಲಿ, ಎರಡು ಸಲ.
ಎರಡನೆಯ ಸಲ ಪೂರ್ತಿ ಬರುವುದಿಲ್ಲ.
ಆಮೇಲೆ ಕುರ್ಚಿ ಸರಿದ ಸದ್ದು. ಆಮೇಲೆ ಅವರೇ:
"ಉಂದು ಬೊಡ್ಚಿ ಗಟ್ಟಿಯಣ್ಣ. ಮಾಜಾಲೆ."
ಇದು ಬೇಡ, ಅಳಿಸಿ.
"ಆವು" ಅನ್ನುತ್ತದೆ ಒಂದು ಗಂಡು ದನಿ.

ಆವು ಅಂದ ಮನುಷ್ಯ
ಕ್ಯಾಸೆಟ್ಟಿನ ಬೆನ್ನಿನ ಎರಡು ಪ್ಲಾಸ್ಟಿಕ್ ಹಲ್ಲು
ಮುರಿದಿಟ್ಟಿದ್ದಾನೆ,
ಇದರ ಮೇಲೆ ಯಾರೂ ಬೇರೆ ತುಂಬಬಾರದು ಅಂತ.

ಮುರಿದ ಹಲ್ಲಿನ ಗುಂಡಿಗೆ ಒಂದು ತುಂಡು ಸೆಲೋಟೇಪು
ಸಾಕು, ಯಂತ್ರ ಮೋಸಹೋಗುತ್ತದೆ,
ಕೆಂಪು ಬಟನ್ನು ಕೆಳಗಿಳಿಯುತ್ತದೆ.
ಈ ಕೆಲಸ ಗೊತ್ತಿಲ್ಲದವನೇನಲ್ಲ ನಾನು.

ಇವತ್ತೂ ಆದಿತ್ಯವಾರ. ಸಫ್ವಾನ್ ಪಟ್ಟಿ ತೆಗೆದು
ಒಂಬತ್ತು ಅನ್ನುತ್ತಾನೆ, ತಲೆಯೆತ್ತಿ ನೋಡುತ್ತಾನೆ.
ಇಲ್ಲ, ಅನ್ನುತ್ತಾರೆ ಟೀಚರ್. ಇಲ್ಲ, ಅನ್ನುತ್ತಾನೆ ಕುಂದರ್.
ಬೆಳಗ್ಗಿನಿಂದ ನನ್ನ ಹೆಬ್ಬೆರಳಿಗೆ ಅಂಟಿಕೊಂಡ
ಸೆಲೋಟೇಪಿನ ಚೂರು
ಒರೆಸಿದಷ್ಟು ಸಲ ಇನ್ನೊಂದು ಬೆರಳಿಗೆ ದಾಟುತ್ತದೆ.