ಮೊದಲೆರಡು ಅಕ್ಷರ

ಜಿಲ್ಲಾ ಆಸ್ಪತ್ರೆಯ ರೆಕಾರ್ಡ್ ರೂಮಿನಲ್ಲಿ ನಾವಿಬ್ಬರೇ.
ಹಳೇ ರಿಜಿಸ್ಟರು ಕಂಪ್ಯೂಟರಿಗೆ ಇಳಿಸುವ ಕೆಲಸ:
ಗೌಸ್‌ಪೀರ್ ಸಾಹೇಬರು ಓದುತ್ತಾರೆ, ನಾನು ಕುಟ್ಟುತ್ತೇನೆ.
ಶಿವಮೊಗ್ಗದ ಬಿಸಿಲು ಕಿಟಕಿ ಜಾಲರಿ ತೂರಿ
ಒಂದೇ ಒಂದು ಕಪಾಟಿನ ಮೇಲೆ ಬೀಳುತ್ತದೆ.

ಅವರದೊಂದು ಡಿಕ್ಷನರಿ, ರಟ್ಟು ಕಿತ್ತದ್ದು,
ದುರ್ಗಿಗುಡಿಯ ಗುಜರಿಯಲ್ಲಿ ತೂಕಕ್ಕೆ ಕೊಂಡದ್ದು,
ಎರಡು ಕೇಜಿ ಮೇಲೆ ಕಾಲು.
ಚಹಾ ಬಂದಾಗ ದಿನಕ್ಕೊಂದು ಶಬ್ದ,
ಇಂಗ್ಲಿಷಿನವರೇ ಆಡಿ ಬಿಟ್ಟದ್ದು.

ಗ್ರೋಕ್: ಇನ್ನೊಬ್ಬರು ತಿನ್ನುವಾಗ
ಕಣ್ಣಲ್ಲೇ ಬೇಡುತ್ತ ನಿಲ್ಲುವುದು.
(ಕ್ಯಾಂಟೀನಿನ ಕುಂಟು ನಾಯಿಗೆ ಅಂದೇ ಆ ಹೆಸರಿಟ್ಟೆವು.)
ಬಾರ್ಬರಿಗ್ಮಸ್: ಖಾಲಿ ಹೊಟ್ಟೆಯ ಗುರುಗುರು.
ಅಡುಗೆ ಸಾಮಾನಿಗೊಂದು ಹಳೇ ಪದ, ಬರೆಯುವಾಗ
ನಡುವೆ ಸಿ ಉಂಟು, ಯು ಉಂಟು; ಬಾಯಿಗೆ ಬಂದರೆ
ಎರಡೂ ನಾಪತ್ತೆ. 'ವಿಟ್ಲ್ಸ್ ಅನ್ನಮ್ಮ,
ಪುತ್ತೂರಿನ ಆಚೆ ವಿಟ್ಲ ಇಲ್ವಾ, ಹಂಗೆ.'

ನಾನು ನಗುತ್ತಿದ್ದೆ. ಇದೆಂಥ ಭಾಷೆ ಸಾಬ್ರೇ,
ಬರೆದದ್ದನ್ನು ಓದಲ್ಲ, ಓದಿದ್ದನ್ನು ಬರೆದಿರಲ್ಲ.
ನಮ್ಮಲ್ಲಿ ನೋಡಿ, ಕ ಅಂದರೆ ಕ.

ಗುರುವಾರ, ೧೯೬೮ರ ರಿಜಿಸ್ಟರು.
ಸಾಹೇಬರು ಕನ್ನಡಕ ಹಣೆಗೇರಿಸಿ
ಒಂದೊಂದೇ ಅಕ್ಷರ ಕೊಟ್ಟರು:
ಪಿ, ಎಚ್, ಟಿ, ಎಚ್, ಐ, ಎಸ್, ಐ, ಎಸ್.
ಕುಟ್ಟಿದೆ. ಕಂಪ್ಯೂಟರು ಅಡಿಗೆ ಕೆಂಪು ಗೆರೆ ಎಳೆಯಿತು.
'ಥೈಸಿಸ್. ಮೊದಲೆರಡು ಅಕ್ಷರ ಬಾಯಿ ಬಿಡಲ್ಲ.
ಕ್ಷಯ ಕಣಮ್ಮ. ಆಗಿನ ಡಾಕ್ಟರು ಹೀಗೇ ಬರೀತಿದ್ರು.'
ಮುಂದೆ ಓದಿದರು: ಹೆಸರು ಚೌಡಮ್ಮ.
ವಯಸ್ಸು ಹತ್ತೊಂಬತ್ತು. ಊರು ಕುಂಸಿ.
ಗಂಡ, ಬಿ. ಹಾಲೇಶಪ್ಪ, ಪೋಸ್ಟ್‌ಮ್ಯಾನ್.

ನನ್ನ ಅಪ್ಪ.

ಮನೆಯಲ್ಲಿ ಅವಳಿಗೆ ಹೆಸರಿರಲಿಲ್ಲ.
ಅವ್ವ ಸಿಟ್ಟು ಬಂದಾಗ 'ಮೊದಲ್ನೇದು' ಅನ್ನುತ್ತಿದ್ದಳು,
ಏನಾಗಿತ್ತು ಅಂದರೆ 'ಅದೇ, ಆಗಿತ್ತು'.
ಬರೆದಂತೆ ಓದುವ ನಾವು
ಬರೆಯದೆಯೇ ಬಿಟ್ಟಿದ್ದೆವು.

ಸಾಹೇಬರು ಮುಂದಿನ ಸಾಲಿಗೆ ಬೆರಳಿಟ್ಟು ಕಾದರು.
ಏನೂ ಕೇಳಲಿಲ್ಲ. ಆ ದಿನ ಚಹಾಕ್ಕೆ ಶಬ್ದವೂ ಇಲ್ಲ.

ರಾತ್ರಿ ಅಪ್ಪನಿಗೆ ರೊಟ್ಟಿ ಮುರಿದು ಹಾಲಿಗೆ ಹಾಕುತ್ತ
'ಥೈಸಿಸ್' ಅಂದೆ, ಸುಮ್ಮನೆ, ಹೇಗೆ ಕೇಳುತ್ತದೆ ಅಂತ.
'ಏನದು, ನನ್ನ ಹೊಸ ಮಾತ್ರೆನಾ?'
'ಹೂಂ' ಅಂದೆ.

ಬಟ್ಟಲು ಬರಿದಾಯಿತು. ಬಾಯಿ ಒರೆಸಿಕೊಂಡರು.
ದೀಪ ಆರಿಸಲು ನಾನು ಕೈ ಚಾಚಿದಾಗ
ಗೋಡೆಯ ಕಡೆ ಮುಖ ಮಾಡಿಕೊಂಡೇ ಕೇಳಿದರು:
'ಕುಂಸಿ ಬಸ್ಸು ಈಗ್ಲೂ ಬೆಳಿಗ್ಗೆ ಆರಕ್ಕೇನಾ?'