ಕಂಬದ ಹಿಂದ

ಮೊದಲ ದಿನ ಹೇಳಿದೆ: ನಾ ಇಲ್ಲೇ ಇಲ್ಲಂತ ತಿಳೀರಿ,
ನಿಮ್ಮ ಕೆಲಸ ನೀವು ಮಾಡಿಕೋತ ಇರ್ರಿ.
ಅಂದು ಮುಗಿಸೂದರೊಳಗ ಗಂಟಲಿಗೆ ಘಾಟು ಹತ್ತಿ
ಕಣ್ಣು ಮೂಗು ಒಂದಾಗಿ
ಕ್ಯಾಮೆರಾ ಹಿಡಿದಲ್ಲೇ ಬಗ್ಗಿ ಕೆಮ್ಮಿದೆ.
ಹುಸೇನಬಿ ಸೆರಗು ಬಾಯಿಗೆ ಹಿಡಿದು ನಕ್ಕಳು:
'ಇಲ್ಲದಾಕಿ ಇಷ್ಟ್ಯಾಕ ಕೆಮ್ಮತಾಳವಾ?'

ಬ್ಯಾಡಗಿ. ಮಾರ್ಕೆಟ್ ಯಾರ್ಡಿನ ಹಿಂದ ತಗಡಿನ ಗೋದಾಮು.
ನೆಲದ ಮ್ಯಾಲೆ ಮೊಣಕಾಲೆತ್ತರ ಕೆಂಪು.
ಬಣ್ಣ ಐತಿ, ಖಾರ ಕಮ್ಮಿ: ಊರ ಹೊರಗ ಈ ಕಾಯಿಗೆ ಹಂಗ ಹೆಸರು.
ಹತ್ತು ತಾಸು ಅದರ ನಡುವ ಕೂತು
ತುಂಬು ಮುರಿಯೋ ಬೆರಳನ್ನ ಯಾರೂ ಕೇಳಿಲ್ಲ.
ಪಾರವ್ವ ಮನಿಗೆ ಹೋಗಿ ಕೈಗೆ ಮೊದಲ ಕೊಬ್ಬರಿ ಎಣ್ಣಿ ಹಚ್ಚತಾಳ,
ಆಮ್ಯಾಲೆ ಮಜ್ಜಿಗಿ,
ಆಮ್ಯಾಲೆ ರೊಟ್ಟಿ ಹಿಟ್ಟು.
ಅಳೂ ಕೂಸಿನ ಕಣ್ಣೊರಸೂದು ಮಾತ್ರ ಗಂಡನ ಪಾಲು.

ನಲವತ್ತು ದಿನ ತೆಗೆದೆ.
ಕೈ ತೆಗೆದೆ. ಬುತ್ತಿಗಂಟು ತೆಗೆದೆ.
ತಕ್ಕಡಿ ಮುಂದ ಮುನೀಮನ ಮುಖ,
ಅರ್ಧ ಕಿಲೋಕ್ಕ ನಡೆದ ಜಗಳ,
ಮಧ್ಯಾಹ್ನ ಚೀಲದ ಮ್ಯಾಲೆ ಬಿದ್ದ ನಿದ್ದಿ.
ಕರೆಂಟು ಹೋದರೂ ಅವರ ಕೈ ನಿಲ್ಲತಿರಲಿಲ್ಲ.
ಕತ್ತಲದಾಗ ಯಾರು ಎಲ್ಲಿ ಕೂತಾರಂತ ಹೆಂಗ ತಿಳೀತೈತಿ, ಅಂದೆ.
ನಕ್ಕರು. ಹೇಳಲಿಲ್ಲ.

ಫಕ್ಕೀರವ್ವ ಒಬ್ಬಾಕಿ ಒಪ್ಪಲಿಲ್ಲ.
'ನನ್ನ ಹಿಡೀಬ್ಯಾಡ ತಂಗಿ. ಮಗನ ಮಾವ ದೊಡ್ಡ ಮಂದಿ,
ನಾ ಇಲ್ಲಿ ಬಂದು ಕೂಡೂದು ಅವರಿಗೆ ಗೊತ್ತಿಲ್ಲ.'
ಕಂಬದ ಹಿಂದ ಚೀಲ ಎಳಕೊಂಡು ಕೂತಳು.
ಕೊಟ್ಟ ಮಾತು ಉಳಿಸಿಕೊಂಡೆ, ಕಂಬ ದಾಟಲಿಲ್ಲ.

ಹುಬ್ಬಳ್ಳಿ ದುರ್ಗದ ಬೈಲಿನ ಮಾಳಿಗಿ ಖೋಲಿಯೊಳಗ
ಮಳಿಗಾಲ ಪೂರ್ತಿ ಕೂತು ಜೋಡಿಸಿದೆ.
ಕೆಳಗ ಬದನಿಕಾಯಿ ಕೂಗೋರು, ಮ್ಯಾಲೆ ನಾನು.
ನನ್ನ ಕೆಮ್ಮು ಹುಡುಕಿ ಹುಡುಕಿ ಕತ್ತರಿಸಿದೆ.
ಕೆಲವು ಯಾರವೋ ತಿಳೀಲಿಲ್ಲ, ಬಿಟ್ಟೆ.

ದೀಪಾವಳಿ ಮುಂದ ಅದೇ ಗೋದಾಮಿನಾಗ
ಎರಡು ಧೋತರ ಸೇರಿಸಿ ಕಟ್ಟಿ ತೋರಿಸಿದೆ.
ತಮ್ಮ ತಮ್ಮ ಕೈ ಕಂಡು ನಾಚಿದರು.
ಮುನೀಮ ಬಂದಾಗ ಯಾರೋ ಸಿಳ್ಳಿ ಹಾಕಿದರು,
ಮುನೀಮನೂ ಅಲ್ಲೇ ಹಿಂದ ನಿಂತು ನಕ್ಕ.
ಆಮ್ಯಾಲೆ ಎಲ್ಲಿಂದಲೋ, ಚಿತ್ರದ ಅಂಚಿನ ಹೊರಗಿಂದ,
ಕೆಮ್ಮು. ಎರಡು ಗಿಡ್ಡ, ಒಂದು ಉದ್ದ.

ಪಾರವ್ವ ಎದ್ದು ನಿಂತಳು.
'ಏ, ನಮ್ಮ ಫಕ್ಕೀರವ್ವ ಅಲಾ?'
ಶ್ರಾವಣದಾಗ ತೀರಿಕೊಂಡಿದ್ದಳಂತ.
ನನಗ ಯಾರೂ ಹೇಳಿರಲಿಲ್ಲ.
ನಾನೂ ಕೇಳಿರಲಿಲ್ಲ.

'ಹಿಂದ ತಿರುವು' ಅಂದರು. ತಿರುವಿದೆ.
ಧೋತರದ ಮ್ಯಾಲೆ ಬರೇ ಕಂಬ, ತುಕ್ಕು ಹಿಡಿದ ಬೋಲ್ಟು,
ಬಿಸಿಲಾಗ ಏಳೋ ಕೆಂಪು ಧೂಳು,
ಎರಡು ಗಿಡ್ಡ, ಒಂದು ಉದ್ದ.
'ಇನ್ನೊಮ್ಮೆ.'
ಯಾರೂ ಅಳಲಿಲ್ಲ. ಒಬ್ಬಾಕಿ ಕೂಸಿನ ಬಾಯಿ ಮುಚ್ಚಿದಳು,
ಸರಿಯಾಗಿ ಕೇಳಲಿ ಅಂತ.

ಮೂರನೇ ಸಲಕ್ಕ ಹುಸೇನಬಿ
ಧೋತರದಾಗಿನ ಕಂಬಕ್ಕಲ್ಲ,
ಹಿಂದ ಕತ್ತಲದಾಗ ನಿಂತ ಖರೇ ಕಂಬದ ಕಡೆ
ಹೊಳ್ಳಿ ಅಂದಳು:
'ಒಂದೀಟು ನೀರ ಕುಡಿ ಬೇ.'