ಶುದ್ಧಪ್ರತಿ

ಪತ್ರಿಕೆಯ ಹುಡುಗ ಫೋನು ಮಾಡಿದ್ದ:
"ಅಕ್ಕಾರ, ಅಂಬಾಸಾ ಕಾಟವಾ ಅವರ ಹೆಸರಿನ ಮುಂದ
ಒಂದ ಶಬ್ದ ಬೇಕ್ರಿ. ನಿರ್ಮಾಪಕ ಅನ್ನೂಣೋ, ಸಾಹಿತಿ ಅನ್ನೂಣೋ?
ಎರಡೂ ಹಾಕಿದ್ರ ಫೋಟೋಕ್ಕ ಜಾಗಾ ಸಾಲೂದಿಲ್ಲ."
ವಿಚಾರ ಮಾಡಿ ಹೇಳತೀನಿ ಅಂದೆ.
ಹತ್ತರ ಒಳಗ ಹೇಳ್ರಿ ಅಂದ.

ಗಣೇಶಪೇಟೆಯ ಖಾನಾವಳಿಯ ಅಟ್ಟದ ಮ್ಯಾಲ
ಹದಿನೇಳು ವರ್ಷ ಅವರ ಶುದ್ಧಪ್ರತಿ ಬರದಾಕಿ ನಾನು.
ಸಾಲಿ ಬಿಟ್ಟ ಕೂಡಲೆ ಹೋಗತಿದ್ದೆ, ಪುಟಕ್ಕ ಎಂಟಾಣೆ.
ಕೆಳಗ ಖೀಮಾ ಕುದಿಯೂದು,
ಮ್ಯಾಲ ನಾಯಕಿ ಅಳೂದು,
ಎರಡಕ್ಕೂ ಅದೇ ಹೊಗಿ.
ನಮ್ಮ ಮನ್ಯಾಗ ಉಳ್ಳಾಗಡ್ಡಿ ಸೈತ ಇಲ್ಲ.
ವಾಸನಿ ಬಡದ ಸೀರಿ ಹಿತ್ತಲದಾಗ ಒಣಹಾಕತಿದ್ದೆ.
ಅವ್ವ ಕೇಳಲಿಲ್ಲ, ನಾ ಹೇಳಲಿಲ್ಲ.

ಅವರ ಹತ್ರ ಎರಡು ಪೆನ್ನು.
ಮುಂಜಾನೆ ನೀಲಿ, ಸಂಜಿಗೆ ಕೆಂಪು.
ನೀಲಿಯ ಅಂಬಾಸಾನ್ನ
ಕೆಂಪಿನ ಅಂಬಾಸಾ ನಂಬತಿರಲಿಲ್ಲ.
"ಇಂವಾ ನನ್ನ ಮನಿ ತೊಳೀತಾನ್ರಿ" ಅಂತಿದ್ರು
ಮುಂಜಾನೆಯ ಹಾಳಿ ನನ್ನ ಮುಂದ ಹಿಡದು,
ಬ್ಯಾರೆ ಯಾರದೋ ದೂರು ಹೇಳಿದಂಗ.

ನೀಲಿ: ಇನ್ನೂರು ಮಂದಿಯ ದಿಬ್ಬಣ.
ಕೆಂಪು: ಹನ್ನೊಂದು. ದೂರದಿಂದ ತೋರ್ಸು, ಧೂಳು ಹೆಚ್ಚ ಹಾರ್ಸು.
ನೀಲಿ: ಆನಿ.
ಕೆಂಪು: ಆನಿಯ ಗಂಟಿ ಸಾಕು.
ನೀಲಿ: ಮಳಿ.
ಕೆಂಪು: ಟ್ಯಾಂಕರಿಗೆ ರೊಕ್ಕಿಲ್ಲ. ಬಿಸಲ ಇರಲಿ.

ಹಿಂಗ ಆದವು ಆರು ಸಿನಿಮಾ.
ಒಂದು ಪೌರಾಣಿಕ, ಕಿರೀಟಕ್ಕ ಬೆಳ್ಳಿಕಾಗದ ಅಂಟಿಸಿದಾಕಿ ನಾನ.
ಒಂದು ಪೊಲೀಸರದು, ಒಂದು ಬರೇ ಹುಡುಗೋರದು,
ಒಂದು ದೆವ್ವದ್ದು. ದೆವ್ವಕ್ಕ ಧ್ವನಿ ಕೊಟ್ಟವರೂ ಅವರ.
ನಡುವ ಬೀಡಿಯ ಜಾಹೀರಾತು,
ಹತ್ತಿ ಮಾರ್ಕೆಟ್ಟಿನ ಮ್ಯಾಲ ಹನ್ನೆರಡು ನಿಮಿಷದ ಚಿತ್ರ.
ಅದನ್ನ ಮಾಡಂತ ಯಾರೂ ಕೇಳಿರಲಿಲ್ಲ.
ಡಬ್ಬಿ ಹೊತ್ತ ರಿಕ್ಷಾದ ಹಿಂದ ತಾವ ಸೈಕಲ್ ತುಳಕೋತ
ಟೇಶನ್‌ತನಕಾ ಹೋಗಿ ಗಾಡಿಗೆ ಏರಿಸಿ ಬರತಿದ್ರು.

ಒಮ್ಮೆ ಧಾರವಾಡದ ಕಾಲೇಜಿನ್ಯಾಗ ಫ್ರೆಂಚ್ ಸಿನಿಮಾ.
ಕಥಿ ಅಚ್ಚು ಮಾಡಿ ಹಂಚಿದ್ರು, ಕತ್ತಲದಾಗ ಓದಾವರ್‍ಯಾರು?
ಕಡೀ ಬಸ್ಸಿನ್ಯಾಗ ನವಲೂರ ದಾಟೂತನಕಾ ಸುಮ್ಮನಿದ್ರು.
ಆಮ್ಯಾಲ, "ಮಾತು ಒಂದೂ ತಿಳೀಲಿಲ್ರಿ ಅಕ್ಕಾರ.
ಆ ಮುದಕ ರೊಟ್ಟಿ ಹರದದ್ದು ತಿಳೀತು.
ಅರ್ಧಾ ಯಾರಿಗಿ ತಗದಿಟ್ಟಾ ಅನ್ನೂದೂ ತಿಳೀತು.
ಖರ್ಚು ಎಷ್ಟ ಬಂದಿದ್ದೀತು ಅದಕ್ಕ? ಒಂದ ರೊಟ್ಟಿ!"
ಎರಡೂ ಪೆನ್ನು ಒಂದ ಮಾತಾಡಿದ್ದು
ನಾ ಕೇಳಿದ್ದು ಅವತ್ತ.

ಐದನೇ ಸಿನಿಮಾ. ನಲವತ್ತೆರಡನೇ ದೃಶ್ಯ.
ಮಗ್ಗದ ಓಣಿಯ ಹೆಂಗಸು ಗಂಡನ ಅಂಗಿ ಒಗದು ಹಾಕಿರತಾಳ.
ಸುದ್ದಿ ಬರತದ. ಮಳಿ ಬರತದ.
ಆಕಿ ಅಂಗಿ ಒಳಗ ತರೂದಿಲ್ಲ.
ಕೆಂಪು, ಮಳಿ ಹೊಡದು ಹಾಕಿತ್ತು.
ಮಳಿ ಇಲ್ಲದ ಮ್ಯಾಲ
ಆಕಿ ಏನು ತರಲಿಲ್ಲ ಅನ್ನೂದು ಯಾರಿಗೆ ತಿಳೀಬೇಕು?
ಶುದ್ಧಪ್ರತಿಯಾಗ ನಾ ಮಳಿ ಹಾಕಿದೆ.
ಬರೇ ಎರಡಕ್ಷರ. ಕೈ ನಡಗಲಿಲ್ಲ.

ಬೆಟಗೇರಿಯ ಓಣಿಗೆ ಟ್ಯಾಂಕರ್ ಬಂದವು, ಎರಡು.
ಖಾನಾವಳಿಯ ತಾಮ್ರದ ಹಂಡೆ ಗಿರವಿ ಅಂಗಡಿ ಸೇರಿದವು, ನಾಕು.
ಸಿನಿಮಾ ಓಡಿದ್ದು ಹನ್ನೊಂದು ದಿನ.
ಹೆಂಗಸರು ಆ ದೃಶ್ಯಕ್ಕ ಭಾಳ ಅತ್ತರಂತ ಗೇಟಿನಂವ ಹೇಳಿದ.
ಹೆಂಗಸರು ಬಂದದ್ದ ಮೂವತ್ತು ಮಂದಿ.
ಅವರು ಕೇಳಲಿಲ್ಲ, ನಾ ಹೇಳಲಿಲ್ಲ.
ಒಂದಿನ ನನ್ನ ಡೆಸ್ಕಿನ ಮ್ಯಾಲ
ಹಸರು ಪೆನ್ನು ಒಂದು ಬಿದ್ದಿತ್ತು, ಹೊಸಾದು.
ಅದರ ಟೊಪ್ಪಿಗಿ ನಾ ತಗೀಲಿಲ್ಲ.

ಈಗ ಅವರ ಕಡೀ ವಹಿ ನನ್ನ ತೊಡಿಮ್ಯಾಲ.
ಮೊದಲನೇ ಹಾಳಿ, ನೀಲಿ: ಮಳಿ.
ಬಾಜೂಕ ಕೆಂಪಿನ್ಯಾಗ
ಟ್ಯಾಂಕರ್ ಎರಡು, ಡೀಸೆಲ್, ತೊಯ್ದ ಹುಡುಗೋರಿಗೆ ಚಹಾ.
ಹೊಡದು ಹಾಕಿಲ್ಲ.
ಕೂಡಸಲಿಕ್ಕೆ ಗೆರಿ ಎಳದು
ಹಂಗ ಬಿಟ್ಟಾರ.

ಹತ್ತು ಹೊಡೀತು. ಫೋನು.
"ಶಬ್ದ ಸಿಕ್ತೇನ್ರಿ ಅಕ್ಕಾರ?"
"ಫೋಟೋ ಸಣ್ಣದು ಮಾಡಪಾ" ಅಂದೆ.